ಒರಟು ಸಿಪ್ಪೆಯ ನಿಂಬೆ

ದೊಡವಾಡದಲ್ಲಿ ನಾಗರಪಂಚಮಿಗೆ ಹೆಂಗಸರು ಜೋಕಾಲಿ ಆಡಿದರೆ ಗಂಡಸರು ನಿಂಬೆಹಣ್ಣು ದೂರಕ್ಕೆ ಬೀಸಿ ಒಗೆಯುತ್ತಿದ್ದರು. ಊರ ಅಗಸಿ ಬಾಗಿಲಿನಿಂದ ಹಳ್ಳದವರೆಗೆ ಇಂತಿಷ್ಟು ಒಗೆತದಲ್ಲಿ ಮುಟ್ಟಿಸುತ್ತೇನೆಂದು ಪಣ ಕಟ್ಟುವುದು, ಹಣ್ಣು ಬಿದ್ದಲ್ಲಿಂದ ಮತ್ತೆ ಒಗೆಯುವುದು. ತೊಂಬತ್ತರ ದಶಕದುದ್ದಕ್ಕೂ ಈ ಆಟದಲ್ಲಿ ಲಗಮಪ್ಪನನ್ನು ಮೀರಿಸಿದವರಿಲ್ಲ. ಗೆದ್ದ ಕೊಬ್ಬರಿ ಬಟ್ಟಲನ್ನೆಲ್ಲ ಅಲ್ಲೇ ಹಂಚಿ ಬರಿಗೈಯಲ್ಲಿ ಮನೆಗೆ ಬರುತ್ತಿದ್ದ. ಅದಕ್ಕೆ ಹೆಂಡತಿ ಸತ್ಯವ್ವ ಬೈಯುವುದೂ ಹಬ್ಬದ ಒಂದು ಭಾಗವೇ ಆಗಿತ್ತು.

ಹೊಗಳಿದವರಿಗೆ ಅವನ ಉತ್ತರ ಒಂದೇ: "ಕೈಯಾಗೇನೈತ್ರಿ, ಎಲ್ಲಾ ಸಿಪ್ಪ್ಯಾಗ ಐತಿ."

ಸತ್ಯವ್ವ ಮದುವೆಯಾದ ವರ್ಷ ತವರೂರು ನೇಸರಗಿಯಿಂದ ತಂದು ಹಿತ್ತಿಲಲ್ಲಿ ಹಚ್ಚಿದ ಗಿಡದ ಹಣ್ಣು ಅದು. ಸಿಪ್ಪೆ ಒರಟು, ಮೈಯೆಲ್ಲ ಸಣ್ಣ ಗುಳಿ. ಸಂತೆಯ ನುಣುಪು ಹಣ್ಣು ನಡುದಾರಿಯಲ್ಲೇ ದಣಿದು ಬಿದ್ದರೆ ಇದು ಇನ್ನೂ ಹೋಗುತ್ತಲೇ ಇರುತ್ತಿತ್ತು. ಲಗಮಪ್ಪ ಹೇಳುತ್ತಿದ್ದದ್ದು ಅರ್ಧ ನಿಜ. ಜೋರಾಗಿ ಹೋಗುವ ಒರಟು ಹಣ್ಣಿನ ಮೈಗೆ ಗಾಳಿ ಹೆಚ್ಚು ದೂರ ಅಂಟಿಕೊಂಡು ಹೋಗಿ ಹಿಂದುಗಡೆ ಕೂಡಿಕೊಳ್ಳುತ್ತದೆ. ಹಣ್ಣನ್ನು ಹಿಂದಕ್ಕೆಳೆಯುವ ಸೆಳೆತ ಕಡಿಮೆಯಾಗುತ್ತದೆ. ಮೆಲ್ಲಗೆ ಹೋಗುವ ಹಣ್ಣಿಗೆ ಮಾತ್ರ ಒರಟೂ ಒಂದೇ, ನುಣುಪೂ ಒಂದೇ. ಆ ಜೋರು ಬರುವುದು ಕೈಯಿಂದ. ಈ ಉಳಿದರ್ಧವನ್ನು ಕಲಿಯುವ ಪ್ರಸಂಗ ಅವನಿಗೆ ಬಂದಿರಲಿಲ್ಲ.

ಎರಡು ಸಾವಿರದ ಇಸವಿ ದಾಟಿದ ಮೇಲೆ ಅವನ ಹಣ್ಣು ಮೊದಲಿನಷ್ಟು ದೂರ ಹೋಗದೆ ಬೀಳತೊಡಗಿತು. ಮೊದಲು ಎದುರುಗಾಳಿಯನ್ನು ಬೈದ. ಶ್ರಾವಣದ ಗಾಳಿ ಹಿಂದೆಯೂ ಅಷ್ಟೇ ಇತ್ತು. ಓಣಿಯ ಬಸಲಿಂಗಪ್ಪನಿಗೆ ಸೋತ ವರ್ಷ ಗಿಡವನ್ನೇ ಬೈದ.

"ಗಿಡಕ್ಕ ವಯಸ್ಸಾತು, ಸಿಪ್ಪ್ಯಾಗಿನ ಸತ್ವ ಹೋತು. ನಾಳೆ ಕಡದು ಬ್ಯಾರೇದು ಹಚ್ಚತೇನಿ."

ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಆ ಗಾದೆಯನ್ನು ಅವನೆದುರು ಆಡುವ ಧೈರ್ಯ ಊರಲ್ಲಿ ಯಾರಿಗೂ ಇರಲಿಲ್ಲ. ತವರಿನದೆಂದು ಸತ್ಯವ್ವನಿಗೆ ಉಳಿದದ್ದು ಅದೊಂದೇ ಗಿಡ. ಅವಳಿಗೆ ದುಃಖಕ್ಕಿಂತ ಸಿಟ್ಟು ಹೆಚ್ಚಾಗಿತ್ತು. ತಾನೇ ಕಟ್ಟಿದ ಪಂಚಮಿಯ ಉಂಡಿಯನ್ನು ಅವಳು ಬಾಯಿಗಿಡಲಿಲ್ಲ.

ಮರುದಿನ ಲಗಮಪ್ಪ ಕೊಡಲಿ ಹಿಡಿದು ಹಿತ್ತಿಲಿಗೆ ಬಂದಾಗ, ಹಬ್ಬಕ್ಕೆ ಗಂಡನ ಮನೆಯಿಂದ ಬಂದಿದ್ದ ಮಗಳು ಗಂಗಾ ಅಲ್ಲೇ ಇದ್ದಳು. ಜೋಳದ ಹೊಲದಲ್ಲಿ ಹಕ್ಕಿ ಓಡಿಸಲು ಕವಣೆ ಬೀಸಿ ಬಲಿತ ತೋಳು ಅವಳದು. ಸತ್ಯವ್ವ ಅದೇ ಗಿಡದ ಹಣ್ಣೊಂದನ್ನು ಕಿತ್ತು ಮಗಳ ಕೈಗಿಟ್ಟಳು.

"ಒಗಿ."

"ಹೆಣ್ಮಕ್ಕಳು ಒಗೀತಾರೇನಬೇ?"

"ನಿಮ್ಮಪ್ಪ ನೋಡಲಿ, ಒಗಿ."

ಗಂಗಾ ಸೆರಗು ಸಿಕ್ಕಿಸಿ ಹೊಲದ ಕಡೆ ಒಗೆದಳು. ಹಣ್ಣು ಎದುರುಗಾಳಿಯಲ್ಲೇ ಬೇವಿನ ಮರ ದಾಟಿ, ಆಚೆಯ ಬದುವಿನ ಮೇಲೆ ಬಿತ್ತು. ಹರೆಯದಲ್ಲಿ ಲಗಮಪ್ಪ ಕೈ ಪಳಗಿಸುವಾಗ ಮುಟ್ಟಿಸುತ್ತಿದ್ದ ಬದು ಅದು. ಈ ವರ್ಷ ಅವನ ಹಣ್ಣು ಬೇವಿನ ಮರವನ್ನೂ ಮುಟ್ಟಿರಲಿಲ್ಲ.

ಲಗಮಪ್ಪ ಬದುವಿನ ಕಡೆ ನೋಡಿದ. ಎಡಗೈಯಿಂದ ಬಲರಟ್ಟೆಯನ್ನು ಒಮ್ಮೆ ಹಿಚುಕಿಕೊಂಡ. ಆಮೇಲೆ ಕೊಡಲಿಯನ್ನು ಗೋಡೆಗೆ ಒರಗಿಸಿ, ಹೆಂಡತಿಯ ಮುಖ ನೋಡದೆ ಹೇಳಿದ:

"ಗಿಡ ಛಲೋ ಐತಿ. ನೀ ಇನ್ನರ ಉಂಡಿ ತಿನ್ನು."