ನೂರಿಪ್ಪತ್ತರಲ್ಲೇ ನಿಂತ ಡಿಸ್‌ಪ್ಲೇ

ಎಲ್‌ಸಿಡಿ ಡಿಸ್‌ಪ್ಲೇಗೆ ಬರುವ ಕಾಯಿಲೆಗಳೆಲ್ಲ ನನಗೆ ಬಾಯಿಪಾಠ. ಹಿಂದಿನ ಬೆಳಕು ಉರಿಯುತ್ತಿದ್ದು ಅಕ್ಷರ ಕಾಣದಿದ್ದರೆ ಕಾಂಟ್ರಾಸ್ಟಿನ ತಿರುಪು ತಿರುಗಿಸಬೇಕು. ಮೇಲಿನ ಸಾಲಿನಲ್ಲಿ ಬರೀ ಕಪ್ಪು ಚೌಕಗಳು ನಿಂತಿದ್ದರೆ ಪ್ರೋಗ್ರಾಂ ಅದನ್ನು ಇನ್ನೂ ಎಬ್ಬಿಸಿಲ್ಲ. ತಲೆಬುಡವಿಲ್ಲದ ಅಕ್ಷರಗಳು ಬಂದರೆ ವೈರು ಸಡಿಲವಾಗಿದೆ, ಇಲ್ಲವೇ ಪಕ್ಕದ ದೊಡ್ಡ ಸ್ವಿಚ್ಚಿನ ಕಿಡಿ ಅದರ ದಾರಿ ತಪ್ಪಿಸಿದೆ. ಇವೆಲ್ಲ ಕಣ್ಣಿಗೆ ಬೀಳುತ್ತವೆ. ಅನಾಹುತವಾದ ದಿನ ನಮ್ಮ ಡಿಸ್‌ಪ್ಲೇಯಲ್ಲಿ ಇದ್ಯಾವುದೂ ಇರಲಿಲ್ಲ.

ಕಾಮಾಕ್ಷಿಪಾಳ್ಯದ ಒಂದು ಶೆಡ್ಡಿನಲ್ಲಿ ನಾವು ಸ್ಟೆಬಿಲೈಸರ್ ಮಾಡುತ್ತಿದ್ದೆವು. ಇಂಜಿನಿಯರಿಂಗ್ ಓದಿದವಳು ಅಲ್ಲಿ ನಾನೊಬ್ಬಳೇ. ಸುತ್ತಿದ ಕಾಯಿಲ್‌ಗಳನ್ನು ವಾರ್ನಿಶಿನಲ್ಲಿ ಅದ್ದಿ ಓವನ್ನಿನಲ್ಲಿ ಒಣಗಿಸುವ ಕೆಲಸ ಹೊಸಹಳ್ಳಿಯಿಂದ ಬರುತ್ತಿದ್ದ ಒಬ್ಬ ಹೆಂಗಸಿನದು; ಅವರನ್ನು ನಾನು ಅಕ್ಕ ಎನ್ನುತ್ತಿದ್ದೆ. ಆ ಓವನ್ನಿನ ಹೀಟರನ್ನು ಹಚ್ಚಿ ಆರಿಸಿ ಬಿಸಿಯನ್ನು ನೂರಿಪ್ಪತ್ತು ಡಿಗ್ರಿಯಲ್ಲಿ ಹಿಡಿದಿಡುವ, ಒಳಗಿನ ಬಿಸಿ ಎಷ್ಟೆಂದು ತೋರಿಸುವ ಸರ್ಕ್ಯೂಟ್ ಮಾಡಿಕೊಟ್ಟವಳು ನಾನು.

ಈ ಡಿಸ್‌ಪ್ಲೇಗೆ ತನ್ನದೇ ಒಂದು ನೆನಪಿದೆ. ಅದಕ್ಕೆ ಅಂಕಿ ಕಳಿಸುವ ಚಿಪ್ ಕೆಲಸ ನಿಲ್ಲಿಸಿದರೂ, ಕರೆಂಟ್ ಇರುವಷ್ಟು ಹೊತ್ತು, ಕೊನೆಗೆ ಬಂದ ಅಂಕಿಯನ್ನೇ ತೋರಿಸುತ್ತಿರುತ್ತದೆ. ಅದು ಗೊತ್ತಿದ್ದೇ ಮೂಲೆಯಲ್ಲಿ ಸೆಕೆಂಡಿಗೊಮ್ಮೆ ಮಿನುಗುವ ಚುಕ್ಕಿ ಇಟ್ಟಿದ್ದೆ. ಚುಕ್ಕಿ ನಿಂತರೆ ಅಂಕಿಯನ್ನು ನಂಬಬಾರದು. ಓನರ್‌ಗೆ ಅದು ಹಿಡಿಸಲಿಲ್ಲ.

"ಏನಮ್ಮಾ ಅದು ಮಿಣಮಿಣ ಅಂತ? ನೋಡ್ದೋರು ಮೆಷಿನ್ ಕೆಟ್ಟೋಗಿದೆ ಅನ್ಕೋತಾರೆ. ತೆಗ್ದಾಕು."

ವಾದ ಮಾಡಲಿಲ್ಲ. ಪ್ರೋಗ್ರಾಮಿನಲ್ಲಿ ಒಂದು ಸಾಲು ಅಳಿಸಿದರೆ ಮುಗಿಯುವ ಕೆಲಸ, ಅಳಿಸಿದೆ. ಚುಕ್ಕಿ ಯಾತಕ್ಕಿತ್ತೆಂದು ಅಕ್ಕನಿಗೆ ಯಾವತ್ತೂ ಹೇಳಿರಲಿಲ್ಲ.

ಅವತ್ತು ಊಟದ ನಂತರ ಅಕ್ಕ ನನ್ನನ್ನು ಓವನ್ನಿನ ಹತ್ತಿರ ಕರೆದರು. ವಾಸನೆ ಬೇರೆ ಥರ ಇದೆ, ಮೂಗು ಉರಿಯುತ್ತಿದೆ ಎಂದರು. ನನಗೂ ಉರಿಯುತ್ತಿತ್ತು. ಆದರೆ ನಾನು ನೋಡಿದ್ದು ಡಿಸ್‌ಪ್ಲೇಯನ್ನು.

"ನೂರಿಪ್ಪತ್ತೇ ಇದೆಯಲ್ಲಕ್ಕ. ತೆಗೀರಿ."

ಅವರೂ ಒಮ್ಮೆ ಅಂಕಿ ನೋಡಿ ಬಾಗಿಲು ತೆಗೆದರು. ಒಳಗೆ ಸೇರಿಕೊಂಡಿದ್ದ ವಾರ್ನಿಶಿನ ಹೊಗೆ ಗಾಳಿ ಸಿಕ್ಕಿದ್ದೇ ಭಗ್ಗೆಂದು ಹತ್ತಿಕೊಂಡಿತು. ಅಕ್ಕನ ಬಲಗೈ, ಕೆನ್ನೆಯ ಒಂದು ಭಾಗ ಸುಟ್ಟುಹೋದವು. ಯಾರೋ ಮೇನ್ ಸ್ವಿಚ್ ಎಳೆಯುವ ತನಕವೂ ಡಿಸ್‌ಪ್ಲೇ ನೂರಿಪ್ಪತ್ತನ್ನೇ ತೋರಿಸುತ್ತಿತ್ತು. ಚಿಪ್ ಯಾವಾಗಲೋ ನಿಂತುಹೋಗಿತ್ತು. ಅದು ಆರಿಸಬೇಕಿದ್ದ ಹೀಟರ್ ಉರಿಯುತ್ತಲೇ ಇತ್ತು.

ಮೂರನೇ ದಿನ ಓನರ್ ಅಪಘಾತದ ವರದಿಯೆಂದು ಒಂದು ಹಾಳೆಯನ್ನು ನನ್ನ ಮುಂದೆ ತಂದಿಟ್ಟರು. ಕೆಲಸದವರು ಟೆಂಪರೇಚರ್ ನೋಡದೆ ಬಾಗಿಲು ತೆಗೆದರು ಎಂದಿತ್ತು. ಕೆಳಗೆ ಸಾಕ್ಷಿಯ ಸಹಿಗೆ ಜಾಗ.

"ಡಿಸ್‌ಪ್ಲೇ ತಪ್ಪು ಅಂತ ಬರೆದ್ರೆ, ಮಾಡಿದ್ಯಾರು ಅಂತ ಕೇಳ್ತಾರೆ ಕಣಮ್ಮ," ಎಂದರು, ನನ್ನ ಒಳ್ಳೆಯದಕ್ಕೇ ಹೇಳುವವರ ಹಾಗೆ.

ಸಹಿ ಹಾಕಿದೆ. ಬಸವೇಶ್ವರನಗರದ ಮನೆಗೆ ಬಂದು ಸ್ಕೂಟರ್ ನಿಲ್ಲಿಸಿದೆ. ಕೀ ತೆಗೆಯದೆ ಅದರ ಮೇಲೇ ಕೂತಿದ್ದೆ. ಈಗಲೂ ಓವನ್ ಬಾಗಿಲಿನ ಹಿಡಿಯ ಮೇಲಿದ್ದ ಅಕ್ಕನ ಕೈ ಕಣ್ಣಮುಂದೆ ಬರುತ್ತದೆ. ಪ್ರತಿ ಸಲವೂ 'ಬೇಡ, ಇರಿ' ಎನ್ನುತ್ತೇನೆ. ಪ್ರತಿ ಸಲವೂ ಅವರು ತೆಗೆಯುತ್ತಾರೆ.

ಎರಡು ವಾರ ಬಿಟ್ಟು ಹೊಸಹಳ್ಳಿಗೆ ಹೋದೆ. ಅಕ್ಕ ಗೋಡೆಗೊರಗಿ ಕೂತಿದ್ದರು, ಕೈಗೆ ಮೊಣಕೈವರೆಗೆ ಬ್ಯಾಂಡೇಜ್. ಕೆಲಸಕ್ಕೆ ಇನ್ನು ಬರಬೇಡಿ ಎಂದು ಓನರ್ ಹೇಳಿಕಳಿಸಿದ್ದರಂತೆ. ಮನೆಯವರೆಲ್ಲ ನಿನ್ನದೇ ತಪ್ಪು ಎನ್ನುತ್ತಿದ್ದರಂತೆ.

"ನಾನು ನೋಡಿದ್ದೆ ಅಲ್ವಾ ಮೇಡಂ?"

ನೋಡಿದ್ದಿರಿ ಎಂದೆ. ಅಂಕಿ ಸುಳ್ಳಾಗಿತ್ತು, ತೆಗೀರಿ ಅಂದವಳೂ ನಾನೇ ಎಂದೆ. ಚುಕ್ಕಿಯ ವಿಷಯ ಹೇಳಿದೆ, ಸಹಿಯ ವಿಷಯವನ್ನೂ ಹೇಳಿದೆ.

"ಅದನ್ನೇ ಬರೆದು ಕೊಡಿ," ಎಂದರು ಅಕ್ಕ.

ಅಲ್ಲೇ ಕೂತು ಬರೆದು ಸಹಿ ಹಾಕಿದೆ. ಎರಡು ಸಲ ಓದಿಸಿ ಕೇಳಿದರು. ಎಡಗೈಯಲ್ಲಿ ಹಾಳೆ ತೆಗೆದುಕೊಂಡು ದಿಂಬಿನ ಕೆಳಗೆ ಇಟ್ಟುಕೊಂಡರು. ನಾಳೆ ಬ್ಯಾಂಡೇಜ್ ಬದಲಿಸಲು ಆಸ್ಪತ್ರೆಗೆ ನಾನು ಕರೆದುಕೊಂಡು ಹೋಗಲೇ ಎಂದು ಕೇಳಿದೆ.

"ನೀವು ಇನ್ನು ಬರೋದು ಬೇಡ ಮೇಡಂ," ಎಂದರು. ದನಿಯಲ್ಲಿ ಸಿಟ್ಟು ಕೂಡ ಇರಲಿಲ್ಲ.