ಬಸ್ತಿಹಳ್ಳಿಯಲ್ಲಿ ಇಲ್ಸೆ ಕಟ್ಟಿದ ಅಡುಗೆಮನೆ

ಹಬ್ಬಕ್ಕೆ ಮುಂಚೆ ಸುಣ್ಣ ಕಲಸುವಾಗ ಒಂದು ಚಿಟಿಕೆ ನೀಲಿ ಬೆರೆಸುವುದು ನಮ್ಮ ಮನೆಯ ರೂಢಿ, ನಿಮ್ಮಲ್ಲೂ ಇದ್ದೀತು. ಬರಿಯ ಬಿಳುಪು ಕಣ್ಣಿಗೆ ಹೊಡೆಯುತ್ತದೆ, ನೀಲಿ ಸೇರಿದ ಬಿಳುಪು ಕಣ್ಣನ್ನು ಒಳಗೆ ಕರೆಯುತ್ತದೆ. ಹಳೇಬೀಡಿನ ಶಾಲೆಯಲ್ಲಿ ಚಿತ್ರಕಲೆ ಕಲಿಸುತ್ತ ವರ್ಷಗಳನ್ನು ಸವೆಸಿದ ನನಗೆ ಬಣ್ಣದ ಬಗ್ಗೆ ಇಷ್ಟು ಗೊತ್ತಿತ್ತು. ಬಣ್ಣವೊಂದನ್ನೇ ನಂಬಿ ಇಡೀ ಆಯುಷ್ಯವನ್ನು ಕಟ್ಟಿಕೊಳ್ಳಬಹುದೆಂದು ತೋರಿಸಿಕೊಟ್ಟವಳು ಯುರೋಪಿನಿಂದ ಬಂದ ಇಲ್ಸೆ.

ಸಿನಿಮಾದ ಕತೆ ನಡೆಯುವ ಮನೆ, ಬೀದಿ, ಒಲೆಯ ಮೇಲಿನ ಮಸಿಯನ್ನೂ ಕಲ್ಪಿಸಿ ಕಟ್ಟಿಸುವುದು ಅವಳ ಕಸುಬು. ಬೊಂಬೆಯಾಟದ ಪರದೆಗಳಿಗೆ ಬಣ್ಣ ಬಳಿಯುತ್ತ ಶುರುಮಾಡಿದವಳಂತೆ. ಒಮ್ಮೆ ಅವಳು ಚಿತ್ರವೊಂದಕ್ಕೆಂದು ಇಡೀ ಹಳ್ಳಿಯನ್ನೇ ಕಟ್ಟಿ ನಿಲ್ಲಿಸಿದಾಗ ನಿರ್ಮಾಪಕ ಕೈಬಿಟ್ಟನಂತೆ. ಕಟ್ಟಿದ್ದು ಮಳೆಗೆ ಕರಗುವುದನ್ನು ನೋಡಲಾರದೆ ತಾನೇ ನಿರ್ಮಾಪಕಿಯಾದಳು. ಆಮೇಲೆ, ಜನ ಮುಗಿಬೀಳದಿದ್ದರೂ ನೋಡಿದವರು ಮರೆಯದಂಥ ಚಿತ್ರಗಳನ್ನೇ ಹಟಹಿಡಿದು ಮಾಡಿದಳು. ಎಪ್ಪತ್ತು ದಾಟಿದ ಮೇಲೆ, ನಮ್ಮ ಸೀಮೆಗೆ ಸೊಸೆಯಾಗಿ ಬರುವ ಪರದೇಶದ ಹುಡುಗಿಯೊಬ್ಬಳ ಕತೆ ಹಿಡಿದು, ಬಸ್ತಿಹಳ್ಳಿಯ ನಮ್ಮ ತೆಂಗಿನ ತೋಟದಲ್ಲಿ ಒಂದು ಅಡುಗೆಮನೆ ಕಟ್ಟಲು ಬಂದಳು. ಇಂಗ್ಲಿಷ್ ಆಡಬಲ್ಲ, ಕುಂಚ ಹಿಡಿಯಬಲ್ಲ ನಾನು ಅವಳ ಸಹಾಯಕಿಯಾದೆ.

ಗೋಡೆಗೆ ಬಣ್ಣ ಕಲಸಲು ಕೂತ ದಿನ ಅವಳು ಕಾವಿಗೆಂದು ಚಾಚಿದ ಕೈ ಹಸಿರಿನ ಡಬ್ಬಿಗೆ ಹೋಯಿತು. ನಾನು ತಡೆದೆ. ಅವಳು ಕೈಯನ್ನು ಮೆಲ್ಲಗೆ ಮಡಿಲಿಗೆ ತಂದುಕೊಂಡಳು.

"ಸರೋಜಾ, ನನ್ನ ಕಣ್ಣಿನಿಂದ ಹಳದಿ ಹೋಗಿ ಬಹಳ ಕಾಲವಾಯಿತು. ಈಗ ಹಸಿರೂ ಹೊರಟಿದೆ. ಯಾರಿಗೂ ಹೇಳಿಲ್ಲ."

ಹೇಳಿದ್ದು ಇಷ್ಟೇ. ಅಂದಿನಿಂದ ಅವಳು ಬಣ್ಣವನ್ನು ನೆನಪಿನಿಂದ ವರ್ಣಿಸುತ್ತಿದ್ದಳು, ನಾನು ಕಲಸುತ್ತಿದ್ದೆ. ಒಲೆ ಆರಿ, ದೀಪ ಇನ್ನೂ ಹಚ್ಚದ ಹೊತ್ತಿನಲ್ಲಿ ಗೋಡೆ ಹೇಗೆ ಕಾಣುತ್ತದೋ ಹಾಗೆ ಬೇಕು ಎನ್ನುವಳು. ನಾನು ಬಳಿಯುವೆ, ಕಂಡದ್ದನ್ನು ಹೇಳುವೆ, ಅವಳು ಅಲ್ಲವೆಂದು ತಲೆಯಾಡಿಸುವಳು, ನಾನು ಕೆರೆದು ಮತ್ತೆ ಬಳಿಯುವೆ. ನೆನಪು ಅವಳದು, ಕಣ್ಣು ನನ್ನದು, ನಡುವೆ ಮಾತು. ಇಬ್ಬರು ಸೇರಿ ಒಂದು ಗೋಡೆಯನ್ನು ನೋಡುವುದು ಎಂಥ ಸುಖವೆಂದು, ಸ್ನೇಹಿತರೇ, ಅದುವರೆಗೆ ನನಗೆ ತಿಳಿದಿರಲಿಲ್ಲ.

ಅವಳ ಕಣ್ಣಿನ ವಿಷಯ ಹೇಗೋ ನಿರ್ದೇಶಕನ ಕಿವಿಗೆ ಬಿತ್ತು. ಅವಳ ದೇಶದವನೇ, ಚಿಕ್ಕ ವಯಸ್ಸಿನವನು, ಕೆಟ್ಟವನಲ್ಲ. ಬೇರೊಬ್ಬ ವಿನ್ಯಾಸಕರನ್ನು ಕರೆಸೋಣವೆಂದು ವಿನಯದಿಂದಲೇ ಕೇಳಿದ. ನಿರ್ಮಾಪಕಿಯಾಗಿ ಅವಳು ಒಂದೇ ಮಾತಿನಲ್ಲಿ ಅವನ ಬಾಯಿ ಮುಚ್ಚಿಸಬಹುದಿತ್ತು. ಮುಚ್ಚಿಸಲಿ ಎಂದೇ ನಾನು ಬಯಸಿದೆ. ಇಲ್ಸೆ ಹಾಗೆ ಮಾಡಲಿಲ್ಲ.

"ಸಂಜೆ ಕ್ಯಾಮೆರಾ ಇಡು. ಗೋಡೆ ಸುಳ್ಳು ಹೇಳಿದರೆ ನಾನೇ ಬೇರೆಯವರನ್ನು ಕರೆಸುತ್ತೇನೆ" ಎಂದಳು.

ಸಂಜೆ ತೆಂಗಿನ ಗರಿಗಳ ನಡುವಿನಿಂದ ಇಳಿಬಿಸಿಲು ಗೋಡೆಯ ಮೇಲೆ ಬಿತ್ತು. ನಿರ್ದೇಶಕ ಕ್ಯಾಮೆರಾದಲ್ಲಿ ಕಣ್ಣಿಟ್ಟು ನೋಡಿದ. ಆಮೇಲೆ ನಟಿಯನ್ನು ಒಲೆಯ ಬಳಿ ಕೂರಿಸಿ, ನಾಳೆಯ ದೃಶ್ಯವನ್ನು ಆಗಲೇ ಚಿತ್ರೀಕರಿಸತೊಡಗಿದ. ಇಲ್ಸೆ ಎಲ್ಲರೆದುರು ನನ್ನನ್ನು ಮುಂದಕ್ಕೆ ಕರೆದು, ಈ ಬಣ್ಣ ಇವಳದು ಎಂದಳು. ನಾನು ಸಂಕೋಚದಿಂದ ಹಿಂದೆ ಸರಿದದ್ದು ಅವಳಿಗೆ ಹಿಡಿಸಲಿಲ್ಲ. ಮಾರನೆಯ ದಿನ ನನ್ನನ್ನು ಬೇಲೂರಿಗೆ ಕರೆದೊಯ್ದು, ಮದನಿಕೆಯ ಅಡಿಯಲ್ಲಿ ಶಿಲ್ಪಿ ಕೊರೆದುಕೊಂಡ ಹೆಸರನ್ನು ಓದಿಸಿದಳು. ಎಷ್ಟು ಸಲ ನೋಡಿದ ಗುಡಿ, ಎಷ್ಟು ಸಲ ದಾಟಿಹೋದ ಅಕ್ಷರ! ದೇವರ ಮನೆಯಲ್ಲೇ ನಿಂತು ಇದು ನನ್ನ ಕೈಕೆಲಸ ಎಂದವನ ಮುಂದೆ ನನ್ನ ಸಂಕೋಚ ಸಣ್ಣದಾಗಿ ಕಂಡಿತು. ಒಳ್ಳೆಯ ಕೆಲಸದ ಹೆಮ್ಮೆ ಅಹಂಕಾರವಲ್ಲ, ಅದೂ ಕೆಲಸದ ಒಂದು ಭಾಗವೇ.

ಚಿತ್ರ ಮುಗಿದ ಮೇಲೆ ನಮ್ಮ ಕಡೆಯ ಜನರಿಗಾಗಿ ಅರಸೀಕೆರೆಯಲ್ಲಿ ಒಂದು ಪ್ರದರ್ಶನ ಏರ್ಪಡಿಸಿದಳು ಇಲ್ಸೆ. ಅಷ್ಟರಲ್ಲಿ ಅವಳ ಕಣ್ಣಿಗೆ ಬೆಳಕು ಕತ್ತಲೆಗಳಷ್ಟೇ ಉಳಿದಿದ್ದವು. ತೆರೆಯ ಮೇಲೆ ಅಡುಗೆಮನೆ ಬಂದಾಗ, ಗೋಡೆ ಹೇಗೆ ಕಾಣುತ್ತಿದೆಯೆಂದು ನನ್ನ ಕಿವಿಯಲ್ಲಿ ಕೇಳಿದಳು. ನಾನು ಮಾತು ಹುಡುಕುತ್ತಿದ್ದಾಗಲೇ ಇನ್ನೊಂದು ಬದಿಗಿದ್ದ ನನ್ನ ಅಮ್ಮ, ಪಕ್ಕದ ಹೆಂಗಸಿಗೆ ಸಾಲಿಡೀ ಕೇಳುವಂತೆ ಹೇಳಿದಳು:

"ಆ ಗೋಡೆ ಐತಲ್ಲ, ಅದು ನನ್ ಮಗಳೂ ಈ ಯಮ್ಮನೂ ಸೇರ್ಕೊಂಡು ಮಾಡಿರೋದು ಕಣ್ರೀ."

ಇಲ್ಸೆ ಅರ್ಥ ಕೇಳಿದಳು. ಒಂದು ಪದವನ್ನೂ ಬಿಡದೆ ಹೇಳಿದೆ. ಅವಳು ಕುರ್ಚಿಯಲ್ಲಿ ನೆಟ್ಟಗೆ ಕೂತು, ಕಾಣದ ತೆರೆಯತ್ತ ಮುಖವೆತ್ತಿ, ಕೊನೆಯ ಹೆಸರು ಹಾದುಹೋಗುವವರೆಗೂ ಕದಲಲಿಲ್ಲ. ನಾನೂ ಅಷ್ಟೇ ನೆಟ್ಟಗೆ ಕೂತಿದ್ದೆ.