ಮುಚ್ಚಿದ ಕೋಣೆಯೊಳಗಿನ ಕ್ಯಾಮೆರಾ

ಗುಂಡ್ಲುಪೇಟೆಯ ಬಾಡಿಗೆ ಮನೆಯಲ್ಲಿ ಒಂದು ಸಂಜೆ ಫೋನಿನಲ್ಲಿ ನೋಡಿದ ಸ್ಪ್ಯಾನಿಷ್ ಕಿರುಚಿತ್ರ ಇವತ್ತಿಗೂ ನನ್ನ ಬೆನ್ನು ಬಿಟ್ಟಿಲ್ಲ. ಯಾರೋ ಗೆಳೆಯರು ಸೇರಿ ಕೈಯಿಂದ ದುಡ್ಡು ಹಾಕಿ ತೆಗೆದದ್ದಂತೆ. ಕತೆ ಅಂತ ಹೇಳಲು ಹೆಚ್ಚೇನಿಲ್ಲ. ಒಬ್ಬ ಹೆಂಗಸು ಸತ್ತುಹೋದ ಗಂಡನಿಗೆ ಊಟ ಬಡಿಸಿಟ್ಟು, ಕೋಣೆಯ ಬಾಗಿಲು ಎಳೆದುಕೊಂಡು ಹೊರಗೆ ಹೋಗುತ್ತಾಳೆ. ಕ್ಯಾಮೆರಾ ಮಾತ್ರ ಒಳಗೇ ಉಳಿಯುತ್ತದೆ, ಮೂಲೆಯಲ್ಲಿ, ನೆಲಮಟ್ಟದಲ್ಲಿ, ಅಲುಗಾಡದೆ. ಗೋಡೆ, ಮೇಜು, ತಟ್ಟೆ ಎಲ್ಲವೂ ಬೂದಿ ಬಣ್ಣ. ತಟ್ಟೆಯ ಪಕ್ಕದ ನಿಂಬೆಹಣ್ಣೊಂದೇ ಹಳದಿ. ಕಿಟಕಿಯ ಬಿಸಿಲು ಗೋಡೆಯಿಂದ ಇಳಿದಿಳಿದು ಖಾಲಿ ಕುರ್ಚಿಗೆ ಬರುವುದನ್ನು ಉಸಿರು ಬಿಗಿಹಿಡಿದು ನೋಡಿದೆ. ಯಾರೂ ಬರುವುದಿಲ್ಲ. ಕೊನೆಗೆ ಆ ಹೆಂಗಸು ಬಾಗಿಲು ತೆರೆದು ನೇರವಾಗಿ ಕ್ಯಾಮೆರಾವನ್ನೇ, ಅಂದರೆ ನನ್ನನ್ನೇ, ನೋಡುತ್ತಾಳೆ. ಅಲ್ಲಿಗೆ ಮುಗಿಯಿತು.

ಮಹಾಲಯ ಅಮಾವಾಸ್ಯೆಗೆ ನಮ್ಮ ಮನೆಯಲ್ಲಿ ಮಾಡುವುದೂ ಇದನ್ನೇ. ನಡುಮನೆಯಲ್ಲಿ ತೀರಿಹೋದ ಅಪ್ಪನಿಗೆ ಎಡೆ ಇಟ್ಟು, ಬಾಗಿಲು ಮುಚ್ಚಿ ಹೊರಗೆ ಕಾಯುತ್ತೇವೆ. ಬಂದು ಉಂಡು ಹೋಗುವಷ್ಟು ಹೊತ್ತು ಬಿಟ್ಟು, ಬಾಗಿಲು ತಟ್ಟಿ ಒಳಗೆ ಹೋಗುತ್ತೇವೆ. ಇದನ್ನೆಲ್ಲ ನಂಬುವವರ ಪೈಕಿ ನಾನಲ್ಲ. ಆದರೂ ಅಪ್ಪನನ್ನು ಇನ್ನೊಮ್ಮೆ ನೋಡಬೇಕೆಂಬ ಆಸೆ ಹೋಗಿರಲಿಲ್ಲ.

ಆ ಸಲ ಅಮಾವಾಸ್ಯೆಗೆ ನಮ್ಮೂರು ತೆರಕಣಾಂಬಿಗೆ ಹೋದಾಗ ಅವ್ವನಿಗೂ ಆ ಚಿತ್ರ ತೋರಿಸಿದೆ. ಭಾಷೆ ಬಾರದಿದ್ದರೂ ಅವಳಿಗೆ ಎಲ್ಲ ತಿಳಿಯಿತು. ಮುಗಿದ ಮೇಲೆ ಸೆರಗಿಗೆ ಕೈ ಒರೆಸಿಕೊಳ್ಳುತ್ತಾ, "ಪಾಪ, ಆವಮ್ಮನ ಅಡ್ಗೆ ದಂಡ ಆಯ್ತು. ಒಳ್ಗೆ ಒಬ್ರು ಕ್ಯಾಮ್ರಾ ಇಡ್ಕಂಡು ಕುಂತಿದ್ರೆ ಸತ್ತೋರು ಎಂಗ್ ಬಂದಾರು ಕಣಮ್ಮಿ?" ಅಂದಳು. ನಾನು ನಕ್ಕುಬಿಟ್ಟೆ. ಆ ನಿರ್ದೇಶಕನಿಗೆ ಇಂಥ ವಿಮರ್ಶೆ ಬೇರೆಲ್ಲೂ ಸಿಕ್ಕಿರಲಾರದು.

ನಕ್ಕವಳು ಸುಮ್ಮನಿರಲಿಲ್ಲ. ಎಡೆ ಇಡುವಾಗ, ಅವ್ವ ಸಾರು ತರಲು ಅಡುಗೆಮನೆಗೆ ಹೋದ ಸಂದಿನಲ್ಲಿ, ಫೋನಿನಲ್ಲಿ ವಿಡಿಯೊ ಶುರುಮಾಡಿ ರಾಗಿ ಮೂಟೆಗೆ ಒರಗಿಸಿಟ್ಟೆ. ಚಿತ್ರದಲ್ಲಿದ್ದ ಹಾಗೆಯೇ, ನೆಲಮಟ್ಟದಲ್ಲಿ. ಅಪ್ಪನಿಗೆಂದು ಹಾಕಿದ ಮಣೆ, ಬಾಳೆಲೆ, ಕಜ್ಜಾಯ, ಬೀಡಿಕಟ್ಟು, ಮಡಿಸಿದ ಪಂಚೆ ಎಲ್ಲವೂ ಅದರಲ್ಲಿ ಕಾಣುತ್ತಿದ್ದವು.

ಬಾಗಿಲು ಮುಚ್ಚಿ ಜಗಲಿಯಲ್ಲಿ ಕೂತೆವು. ಅವ್ವ ಒಳಗಿನ ಸದ್ದಿಗೇ ಕಿವಿ ಕೊಟ್ಟಿದ್ದಳು.

"ಯಾರಾರ ನೋಡ್ತಿದ್ರೆ ನಿಮ್ಮಪ್ಪ ತುತ್ತು ಎತ್ತೋರಲ್ಲ," ಎಂದಳು ಮೆಲ್ಲಗೆ. "ಗ್ವಾಡೆ ಕಡೀಕೆ ತಿರೀಕಂಡು ಉಣ್ಣೋರು. ಈಗ ವರ್ಸಕ್ಕೊಂದೇ ಊಟ."

ಅಪ್ಪ ಹಾಗೆ ಉಣ್ಣುತ್ತಿದ್ದುದು ನನಗೂ ನೆನಪಿತ್ತು. ಆ ಅಗಲ ಬೆನ್ನು, ತುತ್ತಿಗೊಮ್ಮೆ ಅಲುಗುವ ಭುಜ. ಒಳಗೆ ಅಪ್ಪ ಎಲೆಯ ಮುಂದೆ ಬಂದು, ಮೂಟೆಯ ಬುಡದಲ್ಲಿದ್ದ ಫೋನು ಕಂಡು, ಉಣ್ಣದೆ ನಿಂತುಬಿಟ್ಟಿದ್ದಾನೆ ಅನ್ನಿಸಿತು. ಹಸಿದುಕೊಂಡೇ ಹೊರಟುಹೋದರೆ ಎಂದು ಭಯವಾಯಿತು.

ಹೊತ್ತಿಗೆ ಮುಂಚೆಯೇ ಎದ್ದು ಬಾಗಿಲು ತಟ್ಟಿ ಒಳಗೆ ಹೋದೆ. ಎಲೆಯ ಕಡೆ ನೋಡುವ ಧೈರ್ಯವಾಗದೆ ತಲೆ ತಗ್ಗಿಸಿಕೊಂಡು ಫೋನು ಎತ್ತಿಕೊಂಡೆ. ತಿರುಗಿದರೆ ಅವ್ವ ಹೊಸ್ತಿಲಲ್ಲಿ ನಿಂತು ನೇರವಾಗಿ ಅದನ್ನೇ ನೋಡುತ್ತಿದ್ದಳು, ಚಿತ್ರದ ಆ ಹೆಂಗಸಿನ ಹಾಗೆಯೇ.

ಬಯ್ಯಲಿಲ್ಲ. ನನ್ನ ರಟ್ಟೆ ಹಿಡಿದು ಹೊರಗೆಳೆದುಕೊಂಡು, ಖಾಲಿ ಮಣೆಯ ಕಡೆ ತಿರುಗಿ, "ತಗ್ದ್‌ಬುಟ್ಲು ಕಣ್ರಿ, ಈಗ ಉಣ್ಣಿ," ಎಂದು ಹೇಳಿ ಬಾಗಿಲು ಮುಚ್ಚಿದಳು.